ಗಂಗೆ, ಗೌರಿ ಮತ್ತು ನೀರಿನ ಮೇಲಿಳಿಯುವ ವಿಮಾನ

ಸಂಸಾರಸ್ಥನಿಗೆ ಕೋಪ ಬಂದರೆ ಅದನ್ನು ತೆಗೆದುಕೊಂಡು ಹೋಗಿ ಕೂರಲು ಮನೆಯಲ್ಲಿ ಒಂದು ಜಾಗ ಬೇಕು. ಚಳ್ಳಕೆರೆಯ ನಮ್ಮ ಮನೆ ಸಣ್ಣದೇನಲ್ಲ. ಆದರೂ ಲೆಕ್ಕ ಹಾಕಿ ನೋಡಿದರೆ ನನ್ನದೆಂದು ಹೇಳಿಕೊಳ್ಳುವ ಜಾಗ ಅದರಲ್ಲಿ ಇಲ್ಲ. ದೇವರ ಕೋಣೆ ಅವ್ವನದು. ಅಡುಗೆಮನೆ ಹೆಂಡತಿ ಗಿರಿಜೆಯದು. ಪಡಸಾಲೆ ಟೀವಿಯದು. ಉಳಿದದ್ದು ಬಚ್ಚಲುಮನೆ. ಚಿಲಕ ಹಾಕಿಕೊಂಡರೆ ಯಾರೂ ಕೇಳುವಂತಿಲ್ಲ. ತಣ್ಣೀರನ್ನೋ ಬಿಸಿನೀರನ್ನೋ ಸುರಿದುಕೊಳ್ಳುತ್ತಾ ಯಾರನ್ನು ಬೇಕಾದರೂ ಮನಸಾರೆ ಬೈದುಕೊಳ್ಳಬಹುದು. ಅಷ್ಟು ಸಾಕು ಅಂತ ತೃಪ್ತಿಯಿಂದಲೇ ಬದುಕಿದ್ದೆ. ಕಳೆದ ವರ್ಷ ಆ ಬಚ್ಚಲುಮನೆಯನ್ನೂ ಎರಡು ಬಾತುಕೋಳಿಗಳು ಆಕ್ರಮಿಸಿಕೊಂಡವು. ಅಂದಿನಿಂದ ನನ್ನ ಕೋಪಕ್ಕೆ ನೆಲೆಯಿಲ್ಲ. ಅದು ನನ್ನೊಳಗೇ ಸುತ್ತುತ್ತಾ, ಗ್ಯಾಸ್ ಆಗಿ ಬದಲಾಗಿದೆ ಎಂದು ಡಾಕ್ಟರು ಹೇಳುತ್ತಾರೆ.

ಇದಕ್ಕೆಲ್ಲ ಮೂಲ ನನ್ನ ಬಾಮೈದ ಚೆನ್ನಬಸವ. ಗಿರಿಜೆಯ ತಮ್ಮ, ಮೊಳಕಾಲ್ಮೂರಿನವನು. ರೇಷ್ಮೆ ಸೀರೆಯ ಅಂಚಿಗೆ ಚಿತ್ತಾರ ಬರೆದುಕೊಡುವುದು ಅವನ ಕಸುಬು. ಹಂಸ, ನವಿಲು, ಮಾವಿನಕಾಯಿ ಬರೆಯುವುದರಲ್ಲಿ ಅವನದು ಎತ್ತಿದ ಕೈ. ಅವನು ಬರೆಯುತ್ತಿದ್ದ, ಅವನ ಹೆಂಡತಿ ಪಾರ್ವತಿ ನೇಯುತ್ತಿದ್ದಳು. ಮಾತಿಗಿಂತ ಮಗ್ಗದ ಸದ್ದೇ ಹೆಚ್ಚಾಗಿದ್ದ ಮನೆ ಅದು. ಪಾರ್ವತಿ ಕಾಯಿಲೆ ಬಿದ್ದು ಹೋಗಿಬಿಟ್ಟಳು. ಮಗ್ಗ ನಿಂತಿತು. ಚೆನ್ನನೂ ನಿಂತುಬಿಟ್ಟ. ಕೂತಲ್ಲೇ ಕೂತಿರುತ್ತಿದ್ದ; ಊಟ ಕೊಟ್ಟರೆ ಮಾಡುತ್ತಿದ್ದ, ಕೊಡದಿದ್ದರೆ ಇಲ್ಲ. ಗಿರಿಜೆ ಒಂದು ದಿನ ಹೋಗಿ, ಅವನ ಬಟ್ಟೆಬರೆ ಕಟ್ಟಿಕೊಂಡು, ಅವನನ್ನು ಬಸ್ಸು ಹತ್ತಿಸಿಕೊಂಡು ಬಂದಳು. ನಮ್ಮ ಪಡಸಾಲೆಯಲ್ಲಿ ಟೀವಿಯ ಎದುರಿಗೆ ಕೂತ. ಟೀವಿ ಆಫ್ ಆಗಿದ್ದರೂ ಅದನ್ನೇ ನೋಡುತ್ತಿದ್ದ. ನಾನು ಏನಾದರೂ ಕೇಳಿದರೆ "ಹ್ಞೂಂ ಭಾವ" ಅನ್ನುತ್ತಿದ್ದ. ಊಟ ಬೇಕೇನೋ ಎಂದರೂ "ಹ್ಞೂಂ ಭಾವ", ಬೇಡವೇನೋ ಎಂದರೂ "ಹ್ಞೂಂ ಭಾವ".

ನಮ್ಮೂರಿನ ಆಚೆ ಪೈಲಟ್ ಇಲ್ಲದ ವಿಮಾನ ಹಾರಿಸಿ ನೋಡುವ ಬಯಲಿದೆ. ಅವು ಆಗಾಗ ಆಕಾಶದಲ್ಲಿ ಗುಂಯ್ ಎಂದು ಹೋಗುತ್ತವೆ. ನಮಗೆ ಅಭ್ಯಾಸವಾಗಿದೆ, ತಲೆ ಎತ್ತುವುದಿಲ್ಲ. ಒಂದು ಸಂಜೆ ಚೆನ್ನ ತಲೆ ಎತ್ತಿದ. ಬಹಳ ಹೊತ್ತು ನೋಡಿದ. ಆಮೇಲೆ, ತಿಂಗಳುಗಟ್ಟಲೆ "ಹ್ಞೂಂ" ಬಿಟ್ಟು ಬೇರೆ ಮಾತಾಡದಿದ್ದ ಮನುಷ್ಯ ಕೇಳಿದ, "ಭಾವ, ಇದು ನೀರ ಮ್ಯಾಲೆ ಇಳಿಯುತ್ತಾ?"

ನನಗೇನು ಗೊತ್ತು? ನಾನು ಪೈಪು, ಮೋಟರು ಮಾರುವವನು. ಆದರೆ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಗಿರಿಜೆಯ ಕಣ್ಣಲ್ಲಿ ನೀರು ಬಂದಿತ್ತು. "ಇಳಿಯುತ್ತೆ ಅನ್ರೀ" ಎಂದು ಸನ್ನೆ ಮಾಡಿದಳು. "ಇಳೀತೈತೆ ಕಣೋ, ಇಳೀದೆ ಏನು" ಎಂದೆ. ನನ್ನ ಸರ್ವನಾಶಕ್ಕೆ ನಾನೇ ಕೊಟ್ಟ ಒಪ್ಪಿಗೆ ಅದು.

ಮರುದಿನದಿಂದ ಮನೆಗೆ ಥರ್ಮಾಕೋಲು ಬರತೊಡಗಿತು. ಫೋನಿನಲ್ಲಿ ವಿಡಿಯೋ ನೋಡುತ್ತಾ ಚೆನ್ನ ಕೊಯ್ದ, ಅಂಟಿಸಿದ, ಉಜ್ಜಿದ. ಬಿಳಿ ಕಾಳುಗಳು ಹಾರಾಡಿ ಅವ್ವನ ವಿಭೂತಿಗಟ್ಟಿಗೆ ಅಂಟಿದವು, ನನ್ನ ಮೊಸರನ್ನದಲ್ಲಿ ಸಿಕ್ಕವು. ಪುಟ್ಟ ಮೋಟರು, ರಿಮೋಟು ಪಾರ್ಸೆಲ್ಲಿನಲ್ಲಿ ಬಂದವು. ವಿಮಾನವೆಂದರೆ ಕೈಚಾಚಿದಷ್ಟು ಅಗಲ, ಕೆಳಗೆ ದೋಣಿಯಂಥ ಹೊಟ್ಟೆ. ಅದು ನೀರಿನಿಂದ ಎದ್ದು ನೀರಿಗೇ ಇಳಿಯಬೇಕಂತೆ. ಏಳುವುದು ಹೇಗೆಂದು ವಿಡಿಯೋದಲ್ಲಿ ತಿಳಿಯಿತು. ಇಳಿಯುವುದು ಮಾತ್ರ ತಿಳಿಯಲಿಲ್ಲ. "ಜೀವ ಇರೋದ್ನ ನೋಡಿ ಕಲೀಬೇಕು ಭಾವ" ಎಂದ. ಜೀವನವಿಡೀ ಹಂಸ ಬರೆದು ಒಂದನ್ನೂ ಕಣ್ಣಾರೆ ನೋಡದ ಮನುಷ್ಯನಿಗೆ ಈಗ ಹಕ್ಕಿ ಬೇಕಾಯಿತು.

ಆಗ ರಾಂಪುರದ ಕಡೆ ಆಂಧ್ರದ ಬಾತುಕೋಳಿಯವರು ಬಂದು ಬೀಡು ಬಿಟ್ಟಿದ್ದರು. ಕೊಯ್ದ ಭತ್ತದ ಗದ್ದೆಗಳಲ್ಲಿ ಹಿಂಡುಹಿಂಡಾಗಿ ಬಾತು ಮೇಯಿಸುತ್ತಾ ಊರೂರು ತಿರುಗುವ ಜನ. ಚೆನ್ನ ಅವರಲ್ಲಿಗೆ ಹೋಗಿ, ಇವು ಹಾರುತ್ತವೆಯೇ ಅಂತ ತೆಲುಗಿನಲ್ಲಿ, "ಎಗರ್ತಾಯಾ?" ಎಂದು ಕೇಳಿದನಂತೆ. ಅವರು ಹೊಟ್ಟೆ ಹಿಡಿದುಕೊಂಡು ನಕ್ಕರಂತೆ. ಇವನು ಆ ನಗುವನ್ನು ಹೌದು ಎಂದು ತಿಳಿದು ಒಂದು ಜೋಡಿಯನ್ನು ಬುಟ್ಟಿಯಲ್ಲಿಟ್ಟುಕೊಂಡು ಬಂದ. ಸಾಕಿದ ಬಾತುಕೋಳಿ ಹಾರುವುದಿಲ್ಲ. ಅದರ ಹೊಟ್ಟೆಗೂ ರೆಕ್ಕೆಗೂ ಇರುವ ಸಂಬಂಧ ನನ್ನ ಹೊಟ್ಟೆಗೂ ಕಾಲಿಗೂ ಇರುವಂಥದ್ದು. ಇದನ್ನು ಹೇಳೋಣವೆಂದು ನಾನು ಬಾಯಿ ತೆರೆದೆ. ಗಿರಿಜೆ ನೋಡಿದಳು. ಮುಚ್ಚಿದೆ.

ಹೆಸರಿಟ್ಟವಳೂ ಅವಳೇ. ಒಂದು ಗಂಗೆ, ಇನ್ನೊಂದು ಗೌರಿ. ಸವತಿಯರ ಹೆಸರಾದರೂ ಇವುಗಳಲ್ಲಿ ಜಗಳವೇ ಇಲ್ಲ. ಇದ್ದ ದ್ವೇಷವೆಲ್ಲ ನನ್ನ ಮೇಲೆ. ಬಾತಿಗೆ ನೀರು ಬೇಕು. ನಮ್ಮ ಬೀದಿಯ ನಲ್ಲಿಯಲ್ಲಿ ನೀರು ಬರುವುದು ಅದಕ್ಕೆ ಮನಸ್ಸು ಬಂದಾಗ. ಹಾಗಾಗಿ ನನ್ನ ಅಂಗಡಿಯ ದೊಡ್ಡ ಪ್ಲಾಸ್ಟಿಕ್ ಟಬ್ಬೊಂದು ಬಚ್ಚಲುಮನೆ ಸೇರಿತು. ನಾನು ಸ್ನಾನ ಮಾಡಿದ ನೀರು ಪೋಲಾಗಬಾರದೆಂದು, ಸೋಪು ಹಚ್ಚಿಕೊಳ್ಳುವ ಮೊದಲಿನ ಚೊಂಬುಗಳನ್ನು ಆ ಟಬ್ಬಿನಲ್ಲೇ ನಿಂತು ಸುರಿದುಕೊಳ್ಳಬೇಕೆಂದು ಆಜ್ಞೆಯಾಯಿತು. ಪ್ರತಿದಿನ ಬೆಳಿಗ್ಗೆ ನಾನು ಟವಲು ಸುತ್ತಿಕೊಂಡು ಟಬ್ಬಿಗಿಳಿಯುವುದು, ಗಂಗೆ ಗೌರಿಯರು "ಕ್ವಾಕ್" ಎನ್ನುತ್ತಾ ನನ್ನ ಕಾಲಸಂದಿಯಲ್ಲಿ ಈಜುವುದು. ನನಗಿದ್ದ ಮಾನ ಎಷ್ಟೆಂದು ಆ ಎರಡು ಪ್ರಾಣಿಗಳಿಗೆ ಗೊತ್ತು.

ಚೆನ್ನ ಮಾತ್ರ ಬಚ್ಚಲ ಹೊಸ್ತಿಲಲ್ಲಿ ಕೂತು ಅವುಗಳ ಕಾಲು, ಎದೆ, ಬಾಲಗಳನ್ನು ನೋಡಿದ್ದೇ ನೋಡಿದ್ದು. ಟಬ್ಬಿನ ಅಂಚಿನಿಂದ ನೀರಿಗೆ ಧುಮುಕುವಾಗ ಅವು ಕಾಲು ಮುಂದೆ ಚಾಚಿ, ಎದೆ ಎತ್ತುತ್ತವೆ ಎಂದು ಕಂಡುಕೊಂಡ. "ಇಳಿಯುವಾಗ ವಿಮಾನದ ಮೂತಿ ಎತ್ತಬೇಕು ಭಾವ, ಮೂತಿ! ನಾನು ತಗ್ಗಿಸ್ಬೇಕು ಅಂದ್ಕೊಂಡಿದ್ದೆ!" ಎಂದು ಕುಣಿದ. ಟವಲಿನಲ್ಲಿದ್ದ ನಾನು "ಬಾಗಿಲು ಹಾಕೋ" ಎಂದೆ.

ಇಷ್ಟಾಗುವಾಗ ಗೌರಿ ಮೊಟ್ಟೆ ಇಟ್ಟಳು.

ನಮ್ಮದು ಲಿಂಗ ಪೂಜೆ ಮಾಡುವ ಮನೆ. ಈರುಳ್ಳಿ ಹೆಚ್ಚಾದರೂ ಅವ್ವನ ಹುಬ್ಬು ಮೇಲೇರುತ್ತದೆ. ಅಂಥ ಮನೆಯ ಬಚ್ಚಲಲ್ಲಿ ಮೊಟ್ಟೆ. "ಲೇ ಮಹೇಸ, ನಿಮ್ಮಪ್ಪ ಇದ್ದಿದ್ರೆ ಎದೆ ಒಡ್ಕೊಂತಿದ್ರು. ಗೌರಿ ಅಂಬೋ ಹೆಸರಿಟ್ಟು ಅದು ತತ್ತಿ ಇಕ್ಕೋದ್ ನೋಡ್ಬೇಕಾಯ್ತಲ್ಲೋ ನಾನು" ಎಂದು ಅವ್ವ ಒಂದು ಹೊತ್ತು ಊಟ ಬಿಟ್ಟರು. ಮೊಟ್ಟೆಯನ್ನು ಬಿಸಾಡುವಂತಿಲ್ಲ, ಪಾಪ. ಇಟ್ಟುಕೊಳ್ಳುವಂತಿಲ್ಲ, ಅದೂ ಪಾಪ. ಕೊನೆಗೆ ಅಂಗಡಿಯ ಪಕ್ಕದ ಸ್ಕೂಟರ್ ಮೆಕ್ಯಾನಿಕ್ ಜಬ್ಬಾರ್ ಸಾಬರಿಗೆ ಕೊಡುವುದೆಂದು ತೀರ್ಮಾನವಾಯಿತು. ನಾನು ದಿನಾ ಕರವಸ್ತ್ರದಲ್ಲಿ ಸುತ್ತಿ, ಅಕ್ಕಪಕ್ಕದವರಿಗೆ ಕಾಣದಂತೆ ಸ್ಕೂಟರಿನ ಡಿಕ್ಕಿಯಲ್ಲಿಟ್ಟು ಒಯ್ಯುತ್ತಿದ್ದೆ. ಕಳ್ಳಮಾಲು ಸಾಗಿಸುವವನಿಗೂ ಅಷ್ಟು ಎದೆಬಡಿತ ಇರಲಾರದು. ಗಂಗೆಯೂ ಇಡತೊಡಗಿದ ಮೇಲೆ ಒಂದು ದಿನ ರಸ್ತೆಯ ಉಬ್ಬು ಹಾರಿಸಿದಾಗ ಎರಡೂ ಮೊಟ್ಟೆ ಒಡೆದವು. ದಿನವಿಡೀ ಬಿಸಿಲಲ್ಲಿದ್ದ ಡಿಕ್ಕಿಯನ್ನು ಸಂಜೆ ತೆರೆದ ಜಬ್ಬಾರ್ ಸಾಬರು, "ಯಾ ಅಲ್ಲಾ, ಸೇಠ್, ಗಾಡಿನಾಗೇ ಆಮ್ಲೆಟ್ ಮಾಡೀರಲ್ಲ" ಎಂದು ಮೂಗು ಮುಚ್ಚಿಕೊಂಡರು.

ಯಾರಿಗಾದರೂ ದಾನ ಮಾಡೋಣವೆಂದರೆ, ಬಾತುಕೋಳಿ ಬೇಕೆಂದು ಬರುವವರ ಕಣ್ಣಲ್ಲಿ ಮಸಾಲೆ ಕಾಣುತ್ತಿತ್ತು. ಗಿರಿಜೆ ಬಾಗಿಲಲ್ಲೇ ವಾಪಸು ಕಳಿಸುತ್ತಿದ್ದಳು.

ಮಳೆ ಚೆನ್ನಾಗಿ ಬಂದು ಪರಶುರಾಂಪುರದ ದಾರಿಯ ಕೆರೆಯೊಂದು ತುಂಬಿತು. ವಿಮಾನದ ಪರೀಕ್ಷೆಗೆ ಭಾನುವಾರ ಗೊತ್ತಾಯಿತು. ಅಂಗಡಿಯ ಲಗೇಜ್ ಆಟೋದಲ್ಲಿ ವಿಮಾನವನ್ನು ಗಿರಿಜೆ ಮಡಿಲಲ್ಲಿಟ್ಟುಕೊಂಡಳು. ಗಂಗೆ, ಗೌರಿಯರು ಹಿಂದೆ ಬುಟ್ಟಿಯಲ್ಲಿ. ಅವು ಕೆರೆಯಲ್ಲಿ ಇಳಿಯುವುದನ್ನು ಕೊನೆಯದಾಗಿ ಒಮ್ಮೆ ನೋಡಬೇಕೆಂದು ಚೆನ್ನನ ಹಟ. ನನಗೂ ಒಂದು ಗುಟ್ಟಿನ ಆಸೆಯಿತ್ತು: ಅಷ್ಟು ನೀರು ಕಂಡಮೇಲೆ ಅವು ಹಿಂದಿರುಗಿ ಬಂದಾವೇ? ಸಂಜೆ ಬಚ್ಚಲು ತೊಳೆಸಿ, ಚಿಲಕ ಹಾಕಿಕೊಂಡು, ಒಂದು ತಾಸು ಸ್ನಾನ ಮಾಡುವ ಕನಸು ಕಾಣುತ್ತಾ ಆಟೋ ಓಡಿಸಿದೆ.

ಬುಟ್ಟಿ ತೆರೆದೆವು. ಗಂಗೆ ಕೆರೆಯನ್ನು ಒಂದು ಕಣ್ಣಿನಿಂದ ನೋಡಿದಳು. ಗೌರಿ ಇನ್ನೊಂದು ಕಣ್ಣಿನಿಂದ ನೋಡಿದಳು. ಇಬ್ಬರೂ ಓಡಿಬಂದು ಗಿರಿಜೆಯ ಸೀರೆಯ ನೆರಿಗೆಯೊಳಗೆ ಸೇರಿಕೊಂಡರು. ದಡದಲ್ಲಿ ಕುರಿ ಮೇಯಿಸುತ್ತಿದ್ದವರೊಬ್ಬರು, "ಏನ್ ಸ್ವಾಮೇರೇ, ಬಾತಿಗೆ ನೀರ್ ಕಂಡ್ರೆ ಭಯಾನಾ?" ಎಂದರು. ನಾನು ಕೆರೆಯ ಆಚೆ ದಡದ ಕಡೆ ಮುಖ ತಿರುಗಿಸಿದೆ.

ಚೆನ್ನ ವಿಮಾನವನ್ನು ನೀರಿನ ಮೇಲೆ ಇಟ್ಟ. ರಿಮೋಟು ಒತ್ತಿದ. ಅದು ನೀರನ್ನು ಸೀಳುತ್ತಾ ಓಡಿತು, ಕುಪ್ಪಳಿಸಿತು, ಇನ್ನೇನು ಮಗುಚಿತು ಅನ್ನುವಾಗ ಎದ್ದೇಬಿಟ್ಟಿತು. ನೀರುಕಾಗೆಗಳು, ಬೆಳ್ಳಕ್ಕಿಗಳು ಗಾಬರಿಯಾಗಿ ಮೇಲೆದ್ದವು. ಅವುಗಳ ನಡುವೆ ನಮ್ಮ ಥರ್ಮಾಕೋಲಿನ ಹಕ್ಕಿ ಕೆರೆಯನ್ನು ಒಂದು ಸುತ್ತು ಹಾಕಿತು. ನಾನೂ ಬಾಯಿ ತೆರೆದು ನೋಡಿದೆ, ಸುಳ್ಳೇಕೆ. ಆಮೇಲೆ ಅದು ಮೂತಿ ಎತ್ತಿ, ಹೊಟ್ಟೆ ತಾಗಿಸಿ, ಮೆತ್ತಗೆ ನೀರಿನ ಮೇಲೆ ಇಳಿಯಿತು. ಕೂತ ಸದ್ದೂ ಕೇಳಲಿಲ್ಲ.

"ಇಳೀತು" ಎಂದ ಚೆನ್ನ. "ಅಕ್ಕ, ಇಳೀತು. ಭಾವ, ನೋಡಿದ್ರಾ? ಇಳೀತು."

ಇಳಿದದ್ದು ಮತ್ತೆ ಏಳಲಿಲ್ಲ. ಮೋಟರಿನೊಳಗೆ ನೀರು ಹೋಗಿತ್ತು. ಗಾಳಿ ಅದನ್ನು ಮೆಲ್ಲಗೆ ತಳ್ಳುತ್ತಾ, ನೀರಿನಲ್ಲಿ ಅರ್ಧ ಮುಳುಗಿದ್ದ ಜಾಲಿ ಗಿಡಗಳ ಕಡೆ ಒಯ್ಯಿತು. ಚೆನ್ನ ಪ್ಯಾಂಟು ಮಡಿಚಿದ. ಗಿರಿಜೆ ಅವನ ತೋಳು ಹಿಡಿದುಕೊಂಡಳು. "ನೀನು ಬ್ಯಾಡ. ನಿನಗೆ ಈಜು ಬರಲ್ಲ." ಆಮೇಲೆ ನನ್ನ ಕಡೆ ತಿರುಗಿದಳು.

"ನನಗೂ ಬರಲ್ಲ ಕಣೇ" ಎಂದೆ.

"ನೀವು ಎತ್ತರ ಇದೀರಲ್ರೀ."

ಇಷ್ಟು ವರ್ಷದ ಸಂಸಾರದಲ್ಲಿ ಅವಳು ನನ್ನನ್ನು ಹೊಗಳಿದ್ದು ಅದೊಂದೇ ಸಲ. ಇಳಿದೆ. ಮೊಣಕಾಲಿನವರೆಗೆ ಎಲ್ಲ ಸರಿಯಿತ್ತು. ಸೊಂಟದ ಹತ್ತಿರ ಬಂದಾಗ ಕೆಳಗಿನ ಹೂಳು ನನ್ನ ಕಾಲನ್ನು ನೆಂಟರ ಹಾಗೆ ಹಿಡಿದುಕೊಂಡಿತು. ಕೀಳಲು ಹೋಗಿ ಮುಗ್ಗರಿಸಿದೆ. ಮೂಗು, ಬಾಯಿ, ಕಿವಿಗಳಿಗೆಲ್ಲ ಕೆರೆ ನುಗ್ಗಿತು. ಎದ್ದೆ, ಮತ್ತೆ ಬಿದ್ದೆ. ಕೈಯಿಂದ ನೀರು ಬಡಿಯುತ್ತಾ "ಗಿರಿಜಾ!" ಎಂದು ಕೂಗಿದೆ. ಆಗ ದಡದಲ್ಲಿ "ಕ್ವಾಕ್, ಕ್ವಾಕ್" ಎಂದು ಕೋಲಾಹಲವೆದ್ದಿತು. ಗಂಗೆ ಗೌರಿಯರು ನೆರಿಗೆಯಿಂದ ಹೊರಬಿದ್ದು, ರೆಕ್ಕೆ ಬಡಿಯುತ್ತಾ ಓಡಿ, ಧುಮುಕಿ, ನೇರ ನನ್ನ ಹತ್ತಿರ ಈಜಿ ಬಂದರು. ನನ್ನನ್ನು ಉಳಿಸಲು ಬಂದರೆಂದು ಗಿರಿಜೆ ಇಂದಿಗೂ ಎಲ್ಲರಿಗೂ ಹೇಳುತ್ತಾಳೆ. ಹಾಗೇನಿಲ್ಲ. ನಮ್ಮ ಮನೆಗೆ ಬಂದಾಗಿನಿಂದ ಅವು ಕಂಡ ನೀರಿನಲ್ಲೆಲ್ಲ ನಾನು ನಿಂತಿದ್ದೆ. ನಾನು ಇಲ್ಲದ್ದು ಅವುಗಳ ಪಾಲಿಗೆ ನೀರೇ ಅಲ್ಲ. ಈಗ ನಾನು ಇಳಿದಿದ್ದೇನೆ, ಅಂದಮೇಲೆ ಇದು ಸ್ನಾನದ ಹೊತ್ತು.

ಅವುಗಳನ್ನು ಬೈಯುವ ಸಿಟ್ಟಿನಲ್ಲಿ ನನ್ನ ಕಾಲು ಹೂಳಿನಿಂದ ಕಿತ್ತುಬಂತು. ವಿಮಾನವನ್ನು ಹಿಡಿದು, ಜಾಲಿಮುಳ್ಳಿಗೆ ಹರಿದ ರೆಕ್ಕೆಯ ಸಮೇತ ದಡಕ್ಕೆ ತಂದೆ. ಪಾಚಿ ತಲೆಯ ಮೇಲಿತ್ತು, ಒಂದು ಚಪ್ಪಲಿ ಕೆರೆಯಲ್ಲಿತ್ತು. ಬೈಗುಳದ ಒಂದು ದೊಡ್ಡ ಸಾಲನ್ನು ಬಾಯಲ್ಲಿ ಸಿದ್ಧ ಮಾಡಿಕೊಂಡೇ ಚೆನ್ನನ ಎದುರಿಗೆ ನಿಂತೆ. ಅವನು ಮುರಿದ ರೆಕ್ಕೆಯನ್ನು ಸವರಿ, "ಪಾರ್ವತಿಗೆ ತೋರಿಸ್ಬೇಕಿತ್ತು ಭಾವ" ಎಂದ. ಅಷ್ಟು ಹೇಳಿ ದಡದ ಮೇಲೆ ಕೂತು ಅತ್ತುಬಿಟ್ಟ. ಅವಳು ಹೋದ ದಿನವೂ ಅತ್ತಿರಲಿಲ್ಲ ಅವನು. ಗಿರಿಜೆ ಅವನ ಬೆನ್ನು ಸವರುತ್ತಾ ಕೂತಳು. ನಾನು ಬೈಗುಳವನ್ನು ಕೆರೆಯ ನೀರಿನ ಜೊತೆಗೇ ನುಂಗಿದೆ. ಎರಡೂ ಒಂದೇ ರುಚಿ.

ಆ ವಾರವೇ ಚೆನ್ನ ಮೊಳಕಾಲ್ಮೂರಿಗೆ ಹೊರಟ. ಮಗ್ಗದ ಧೂಳು ಹೊಡೀಬೇಕು ಎಂದ. ಬಸ್ ಸ್ಟ್ಯಾಂಡಿನಲ್ಲಿ ನಾನು ಬುಟ್ಟಿಯನ್ನು ಮುಂದೆ ಚಾಚಿದೆ. "ಇವು ನನಗ್ಯಾಕೆ ಭಾವ?" ಎಂದು ಅವನು ಆಶ್ಚರ್ಯದಿಂದ ಕೇಳಿದ. "ಇವು ಹಾರಲ್ಲ." ಬಸ್ಸು ಹೊರಟಿತು.

ಕೆರೆಯ ಘಟನೆಯಾದಮೇಲೆ ಗಂಗೆ ಗೌರಿಯರಿಗೆ ಗಿರಿಜೆ ಬೇಡವಾಗಿದ್ದಾಳೆ. ನಾನು ಹೊಸ್ತಿಲು ದಾಟಿದರೆ ಹಿಂದೆ ಬರುತ್ತವೆ. ಗೇಟು ಹಾಕಿದರೆ ಬೀದಿಗೆಲ್ಲ ಕೇಳುವಂತೆ ಅಳುತ್ತವೆ. ಅಕ್ಕಪಕ್ಕದವರು "ಕರ್ಕೊಂಡ್ ಹೋಗ್ರಿ ಪಾಪ" ಎನ್ನುತ್ತಾರೆ. ಗ್ಯಾಸಿಗೆ ನಡಿಗೆಯೇ ಮದ್ದೆಂದು ಡಾಕ್ಟರು ಹೇಳಿರುವುದರಿಂದ ಸ್ಕೂಟರು ಬಿಟ್ಟಿದ್ದೇನೆ. ದಿನಾ ಬೆಳಿಗ್ಗೆ ಪೇಟೆ ಬೀದಿಯಲ್ಲಿ ನಾನು ಮುಂದೆ, ಅವೆರಡು ಹಿಂದೆ. ಜನ ನಗುವುದಕ್ಕೆ ಬಾತುಕೋಳಿಯೇ ಕಾರಣವೆಂದು ಸಮಾಧಾನ ಮಾಡಿಕೊಂಡಿದ್ದೆ. ಮೊನ್ನೆ ಅಂಗಡಿಯ ಮುಂದೆ ಕೂತಿದ್ದ ಜಬ್ಬಾರ್ ಸಾಬರು ನಾವು ಬರುವುದನ್ನೇ ದೂರದಿಂದ ಬಹಳ ಹೊತ್ತು ನೋಡಿದರು. ಹತ್ತಿರ ಬಂದಮೇಲೆ ನನ್ನ ಹೆಗಲ ಮೇಲೆ ಕೈಯಿಟ್ಟು, ಸಮಾಧಾನ ಹೇಳುವವರ ದನಿಯಲ್ಲಿ ಅಂದರು:

"ಬೇಜಾರ್ ಮಾಡ್ಕೋಬ್ಯಾಡ್ರಿ ಸೇಠ್. ದೂರದಿಂದ ನೋಡಿದ್ರೆ ಮೂರೂ ಒಂದೇ ಥರ ನಡೀತೈತೆ."