ಇಸ್ರೇಲಿನ ಹಾಡು, ಅಬ್ಬಿಗೇರಿಯ ಶಾಲು

ನನ್ನ ಟೆಂಪೊ ಹತ್ತಿದವರು ಸುಮ್ಮನೆ ಕುಳಿತು ಸುಮ್ಮನೆ ಇಳಿದುಹೋದದ್ದು ನನಗಂತೂ ನೆನಪಿಲ್ಲ. ಏಳನೇ ಕ್ಲಾಸಿಗೆ ಸಾಲಿ ಬಿಟ್ಟು ಊರೂರು ತಿರುಗುವವನಿಗೆ ಇಂಥವರೇ ಗಂಟು ಬೀಳುತ್ತಾರೆ. ಈ ಸಲ ಗಂಟು ಬಿದ್ದವಳು ಇಸ್ರೇಲಿನ ಒಬ್ಬ ಹುಡುಗಿ. ಬಾದಾಮಿಯಲ್ಲಿ ಹತ್ತಿದಳು. ಹಂಪಿಯ ಹೋಟೆಲಿನಲ್ಲಿ ತಾಟು ತೊಳೆಯುತ್ತ ನಾನು ಕಲಿತಿದ್ದ ಇಂಗ್ಲಿಷೇ ಇಬ್ಬರಿಗೂ ಆಸರೆ.

ಸಣ್ಣಾಕಿ ಇದ್ದಾಗ ಅಜ್ಜಿಯ ಅಡಿಗೆಮನೆಯಲ್ಲಿ ಹಾಡಿದವಳು. ಅವರ ದೇಶದ ಕಾಯ್ದೆಯಂತೆ ಮಿಲಿಟರಿಗೂ ಹೋಗಿ ಬಂದಳು. ಆಮೇಲೆ ಪಾಪ್, ರ‍್ಯಾಪ್ ಅಂತ ಹಾಡಿ ಮೊಬೈಲಿಗೆ ಹಾಕಿದಳು. ಮೊದಲನೇ ಹಾಡನ್ನು ದೇಶವೆಲ್ಲ ಕೇಳಿತು. ಎರಡನೆಯದನ್ನು ಅವರವ್ವನೂ ಪೂರಾ ಕೇಳಲಿಲ್ಲ. ಹಾಡು ಹೊರತರುವ ಕಂಪನಿಯ ಸಾಹೇಬ ಖಡಕ್ಕಾಗಿ ಹೇಳಿಬಿಟ್ಟಿದ್ದ: ‘ನಾಳೆ ಸಂಜೆ ಐದಕ್ಕೆ ವಿಡಿಯೋ ಕಾಲ್‌ನಲ್ಲಿ ಹೊಸ ಹಾಡು ಹಾಡಿ ತೋರಿಸು. ಹಿಡಿಸಿದರೆ ಸರಿ, ಇಲ್ಲದಿದ್ದರೆ ನಿನ್ನ ದಾರಿ ನಿನಗೆ.’ ಹುಡುಗಿ ದಾರಿಯುದ್ದಕ್ಕೂ ಉಗುರು ಕಚ್ಚುತ್ತಿದ್ದಳು.

೧. ರೋಣದ ಚಹಾದಂಗಡಿ

ಚಹಾಕ್ಕೆ ನಿಂತೆವು. ಇಟಗಿ ಬಸ್ಸಿಗೆ ಕಾಯುತ್ತಿದ್ದ ಮುದುಕಿಯೊಬ್ಬಳು ಹುಡುಗಿಯನ್ನು ಮೇಲೆ ಕೆಳಗೆ ನೋಡಿ ಕೇಳಿದಳು, “ಈಕಿ ಏನ್ ಕೆಲಸಾ ಮಾಡ್ತಾಳೋ ತಮ್ಮಾ?”

“ಹಾಡ್ತಾಳಬೇ.”

“ಭಜನಿ ಪದಾನೋ, ಬೀಸೂ ಪದಾನೋ?”

“ಅವಲ್ಲಬೇ. ಇದಕ್ಕ ರಾಗ ಇರಂಗಿಲ್ಲ. ಉಸರ ಬಿಡದಂಗ, ಕೈ ತಿರುವಿಕೊಂತ, ಹೊಟ್ಟ್ಯಾಗಿನ ಸಿಟ್ಟೆಲ್ಲಾ ಲಗೂ ಲಗೂ ಹೇಳೋದು.”

“ಅದಕ್ಕ ರೊಕ್ಕಾ ಕೊಡ್ತಾರ?”

“ಚಲೋ ಹೇಳಿದ್ರ ಕೊಡ್ತಾರ.”

ಬಸ್ಸು ಬಂದಿತ್ತು. ಎದ್ದ ಮುದುಕಿ ಮತ್ತೆ ಕುಳಿತಳು. “ಹಂಗಾರ ನಮ್ಮ ಸೊಸಿ ನಂಬರ ಬರಕೋ. ಇಷ್ಟ ವರ್ಷ ಪುಕ್ಕಟ ಹೇಳ್ಯಾಳ.”

೨. ನರಗುಂದದ ಖಾನಾವಳಿ

ಹಾಡಿಗೆ ಮಾತು ತಯಾರಿತ್ತು, ತಾಳ ಸಿಕ್ಕಿರಲಿಲ್ಲ. ನರಗುಂದದಲ್ಲಿ ಖಾನಾವಳಿ ನಡೆಸುವ ಅಕ್ಕ ರೊಟ್ಟಿ ಬಡಿಯುವ ಸಪ್ಪಳ ಕೇಳಿದ್ದೇ ತಡ, ಹುಡುಗಿ ತಾಟು ಬಿಟ್ಟೆದ್ದು ರೆಕಾರ್ಡ್ ಮಾಡಲು ಒಲೆಯ ಹತ್ತಿರ ಮೊಬೈಲ್ ಹಿಡಿದಳು. ಇದೇ ತಾಳ ಬೇಕಂತೆ.

ಒಮ್ಮೆ ನಡುವೆ ಲಾರಿ ಹಾರ್ನ್ ಹೊಡೆಯಿತು. ಇನ್ನೊಮ್ಮೆ ಕುಕ್ಕರ್ ಕೂಗಿತು. ಮತ್ತೊಮ್ಮೆ ನಾನೇ ಸೀನಿದೆ. ಪ್ರತಿ ಸಲವೂ ಅಕ್ಕ ಹೊಸ ರೊಟ್ಟಿ ಬಡಿದಳು, ಬಡಿದದ್ದನ್ನು ಬೇಯಿಸಿ ಹುಡುಗಿಯ ತಾಟಿಗೇ ಹಾಕಿದಳು.

“ಸಾಕ್ರಿ ಅಕ್ಕಾರ, ಆಕಿಗೆ ಆಗಂಗಿಲ್ಲ,” ಅಂದೆ.

“ಆಕಿ ಹೆಸರಿಲೆ ಬಡದದ್ದು. ಆಕೀನ ಉಣ್ಣಬೇಕು.”

ಕಡೆಗೂ ತಾಳ ಸ್ವಚ್ಛ ಸಿಕ್ಕಿತು. ಹುಡುಗಿ ಖುಷಿಯಿಂದ ಮೊದಲನೇ ಸಾಲಿಗೆ ಬಾಯಿ ತೆರೆದಳು. ಉದ್ದನೆಯದೊಂದು ತೇಗು ಬಂತು.

ಅಕ್ಕ ತಲೆದೂಗಿದಳು. “ಈಗ ನೋಡ, ರಾಗ ಹತ್ತಿತು.”

೩. ಅಬ್ಬಿಗೇರಿಯ ಕಟ್ಟೆ

ಮರುದಿನ ಗಜೇಂದ್ರಗಡದ ಗುಡ್ಡದ ಮೇಲೆ ನಿಂತು ಹಾಡುವುದೆಂದು ಹೊರಟೆವು. ಅಬ್ಬಿಗೇರಿಯಲ್ಲಿ ಗಾಲಿ ಪಂಕ್ಚರ್ ಆಯಿತು. ಐದು ಗಂಟೆ ಹತ್ತಿರ ಬಂದಿತ್ತು. ಮೊಬೈಲಿಗೆ ಪೂರ್ತಿ ಸಿಗ್ನಲ್ ಸಿಕ್ಕದ್ದು ಊರ ಕಟ್ಟೆಯ ಮುಂದೆ ಮಾತ್ರ. ಅಲ್ಲಿ ಯುವಕ ಸಂಘದವರು ಸನ್ಮಾನ ನಡೆಸಿದ್ದರು. ಶಾಲು ಒಂದೇ. ಹೊದಿಸುವುದು, ಫೋಟೊ ಹೊಡೆಯುವುದು, ಹಿಂದಿನಿಂದ ಮೆಲ್ಲಗೆ ಎಳೆದುಕೊಂಡು ಮುಂದಿನವರಿಗೆ ಹೊದಿಸುವುದು.

ಸಂಘದ ಅಧ್ಯಕ್ಷರಿಗೆ ಕೈಮುಗಿದೆ. “ಹುಡಿಗಿ ಬಾಳೇವು ಈ ಹಾಡಿನ ಮ್ಯಾಲೆ ನಿಂತೈತ್ರಿ. ಒಂದ ಸ್ವಲ್ಪ ಜಾಗಾ ಕೊಡ್ರಿ.”

“ಹಾಡ್ಲೆಪಾ. ಆದ್ರ ದೂರಿಂದ ಬಂದಾಕಿಗೆ ಸನ್ಮಾನ ಮಾಡದ ಹಾಡಸಿದ್ರ ಊರ ಮರ್ಯಾದಿ ಏನ ಉಳೀತು?”

ಶಾಲು ಬಂತು, ಹಾರ ಬಂತು, ಫೋಟೊ ಆಯಿತು, ಶಾಲು ಹೋಯಿತು. ಸಾಹೇಬ ಆಗಲೇ ಮೊಬೈಲಿನಲ್ಲಿ ಮುಖ ಗಂಟಿಕ್ಕಿಕೊಂಡು ಕುಳಿತಿದ್ದ. ನನ್ನ ಮೊಬೈಲಿಗೆ ಹಾಕಿಸಿಕೊಂಡಿದ್ದ ರೊಟ್ಟಿಯ ತಾಳವನ್ನು ನಾನು ಟೆಂಪೊದ ಸ್ಪೀಕರಿನಲ್ಲಿ ಬಿಟ್ಟೆ. ಹುಡುಗಿ ಹಾಡಿದಳು. ಮೊದಲೆರಡು ಸಾಲು ಗಡಿಯಾರ ನೋಡುತ್ತಲೇ ಹೇಳಿದಳು. ಆಮೇಲೆ ಜನ ತಾವಾಗಿ ಚಪ್ಪಾಳೆ ಹಿಡಿದರು, ಅವಳು ಗಡಿಯಾರ ಮರೆತಳು.

ಹಾಡು ಮುಗಿಯಿತು. ಸಾಹೇಬನ ಮುಖದಲ್ಲಿ ಏನೂ ಇಲ್ಲ. ಹುಡುಗಿ ನನ್ನ ತೋಳು ಹಿಡಿದುಕೊಂಡಳು. ಸಾಹೇಬ ಮುಂದಕ್ಕೆ ಬಾಗಿ ಬಾಯಿ ತೆರೆದ.

“ಇವರ್ಯಾರೋ ತಮ್ಮಾ, ಫೋನಿನ್ಯಾಗ?” ಅಧ್ಯಕ್ಷರು ಕೇಳಿದರು.

“ಈಕಿ ಸಾಹೇಬರ್ರಿ.”

“ಮೊದಲಿಂದ ಅದಾರೇನು? ಮತ್ತ ಹೇಳಬಾರದ? ಏನ ತಿಳ್ಕೊಂಡಾರು ನಮ್ಮನ್ನ?”

ನಾನು ತಡೆಯುವಷ್ಟರಲ್ಲಿ ಸ್ಟ್ಯಾಂಡಿಗೆ ಸಿಕ್ಕಿಸಿದ್ದ ಮೊಬೈಲಿಗೆ ಶಾಲು ಬಿತ್ತು, ಮೇಲೊಂದು ಹಾರ ಬಿತ್ತು. ಭಾರಕ್ಕೆ ಸ್ಟ್ಯಾಂಡೇ ಕವುಚಿತು. ಜನ ಚಪ್ಪಾಳೆ ಹೊಡೆದರು. ಶಾಲು ಬಿಡಿಸಿ ನೋಡಿದರೆ ಕಾಲ್ ಕಟ್ಟಾಗಿತ್ತು. ಹುಡುಗಿ ಕಟ್ಟೆಯ ಮೇಲೆ ಕುಸಿದು ಕುಳಿತಳು.

ಮೊಬೈಲ್ ರಿಂಗಾಯಿತು, ಸಾಹೇಬನೇ. ಕೇಳುತ್ತ ಕೇಳುತ್ತ ಆಕೆಯ ಕಣ್ಣಲ್ಲಿ ನೀರು ಬಂತು, ಆಮೇಲೆ ನಗು ಬಂತು. ಹಾಡು ಹಿಡಿಸಿತ್ತು, ಹೊರಗೆ ತರುತ್ತಾರಂತೆ. ಇನ್ನೊಂದು ಮಾತೂ ಇತ್ತು, ಅದನ್ನು ನಾನು ಅಧ್ಯಕ್ಷರಿಗೆ ಹೇಳಿದೆ. “ಇಷ್ಟ ವರ್ಷದಾಗ ಯಾರೂ ಅವರಿಗೆ ಶಾಲ ಹೊಚ್ಚಿರಲಿಲ್ಲಂತ್ರಿ. ಅದನ್ನ ಈ ಹುಡಿಗಿ ಕೈಯಾಗ ಕಳಸ್ರಿ ಅಂತಾರ.”

ಅಧ್ಯಕ್ಷರು ಕಟ್ಟೆಯ ಕಡೆ ನೋಡಿದರು, ಶಾಲಿನ ಕಡೆ ನೋಡಿದರು, ನನ್ನ ಕಿವಿಗೆ ಬಾಗಿದರು.

“ಫೋಟೊ ಕಳಸ್ತೀವಿ ಅನ್ನು ತಮ್ಮಾ. ಶಾಲಿಗೆ ಇನ್ನಾ ಮೂರ ಮಂದಿ ಕುಂತಾರ.”