ದೊಡ್ಡ ಯಜಮಾನರ ಬಾಯಿಗೆ ಗೊರಕೆ

ತಪ್ಪೆಲ್ಲ ದೊಡ್ಡ ಯಜಮಾನರ ಬಾಯಿಯದು. ಐವತ್ತು ವರ್ಷದ ಹಿಂದೆ ಗಿರಣಿ ಉದ್ಘಾಟಿಸಿ ಭಾಷಣ ಬಿಗಿದಿದ್ದರು. ಅದನ್ನು ಚಿತ್ರೀಕರಿಸಿದ ಹಳೇ ರೀಲಿನಲ್ಲಿ ಬಾಯಿ ಆಡುತ್ತಿತ್ತು, ದನಿ ಮಾತ್ರ ಇರಲಿಲ್ಲ.

"ಸಂಜೆ ಗಿರಣಿಯ ಐವತ್ತನೇ ವರ್ಷದ ಸಮಾರಂಭದಲ್ಲಿ ತೋರಿಸ್ಬೇಕು. ಗಂಭೀರವಾದ ದನಿ ಕೂರಿಸು. ಎಡವಟ್ಟಾದ್ರೆ ನಾಳೆಯಿಂದ ಬರಬೇಡ," ಎಂದು ಗಿರಣಿಯ ಬೀದಿಬದಿಯ ಕತ್ತಲೆ ಕೋಣೆಯಲ್ಲಿ ಕೂತ ಸಂಕಲನಕಾರನಿಗೆ ಹೇಳಿ ಮ್ಯಾನೇಜರು ಹೋದರು.

ಹಳೇ ರೀಲಿಗೆ ಹೊಸ ದನಿ ಹೊಲಿಯುವುದೇ ಸಂಕಲನಕಾರನ ಹುಚ್ಚು. ಓಡುವ ಕುದುರೆಗೆ ಹೊಲಿಗೆ ಯಂತ್ರದ ಸದ್ದು, ಮಂತ್ರಿಯ ನಗುವಿಗೆ ತುಕ್ಕು ಹಿಡಿದ ಬಾಗಿಲಿನ ಸದ್ದು ಹಾಕಿ ಒಬ್ಬನೇ ಆನಂದಪಡುವವನು.

ಊಟದ ಡಬ್ಬಿ ತಂದ ಅಮ್ಮ ಪರದೆ ನೋಡಿ ನಿಂತುಬಿಟ್ಟಳು. ಭಾಷಣ ಕೇಳುವ ಕೂಲಿಯವರ ಮೂರನೇ ಸಾಲಿನಲ್ಲಿ ಇಪ್ಪತ್ತರ ಹುಡುಗಿ, ಅವಳೇ! ಉಳಿದವರು ಚಪ್ಪಾಳೆ ತಟ್ಟುತ್ತಿದ್ದರೆ ಅವಳು ಏನೋ ಕೂಗುತ್ತಿದ್ದಳು.

"ಏನಮ್ಮಾ ಅಂದೆ ಅವತ್ತು?"

"ಉಸಿರು ಕಟ್ತಿದೆ, ಕಿಟಕಿ ಇಡಿ ಅಂದೆ. ಯಾರಿಗೋ ಕೇಳಿಸ್ತು? ಇವತ್ತಿಗೂ ಗಿರಣಿ ಶೆಡ್ಡಿಗೆ ಒಂದು ಕಿಟಕಿ ಇಲ್ಲ. ನಿನ್ನ ದನಿನೂ ಅವರ ಬಾಯಿಗೇನಾ?"

ಮಗನಿಗೆ ಚುರುಕ್ಕೆಂದಿತು. ಮೈಕನ್ನು ಅಮ್ಮನ ಮುಂದೆ ಹಿಡಿದ.

ಅವಳ ಕೂಗು ಕೇಳಿ ಬೀದಿಗೆ ಬೀದಿಯೇ ಕೋಣೆಯೊಳಗೆ ನುಗ್ಗಿತು.

"ಆ ಮೀಸೆಯೋನು ನಮ್ಮಪ್ಪ, ಅವನ ಬಾಯಿ ನಂಗೆ ಬಿಡಿ!" ಎಂದ ಪಕ್ಕದ ಮನೆ ದರ್ಜಿ.

"ಜಡೆಯೋಳು ನಮ್ಮತ್ತೆ. ಇದ್ದಾಗ ನನ್ನ ಬಾಯಿ ತೆಗೆಯೋಕೆ ಬಿಟ್ಟಿಲ್ಲ, ಇವತ್ತು ಅವಳ ಬಾಯೇ ನಂದು!" ಎಂದಳು ಎದುರುಮನೆ ಸೊಸೆ.

ಮಿಕ್ಸಿಗೆ ಮೊಳೆ ಬಿದ್ದಂಥ ಗಲಾಟೆ. ಅದರ ನಡುವೆಯೂ ಬೆಂಚಿನ ಮೇಲೆ ನಿವೃತ್ತ ಪೋಸ್ಟ್‌ಮ್ಯಾನ್ ಗೊರಕೆ ಹೊಡೆದ, ಅದೂ ದಾಖಲಾಯಿತು. ಬಿಸಾಡಲು ಸಂಕಲನಕಾರನಿಗೆ ಮನಸ್ಸಾಗಲಿಲ್ಲ. ಅದನ್ನು ದೊಡ್ಡ ಯಜಮಾನರ ಬಾಯಿಗೇ ಹೊಲಿದ.

ಸಂಜೆ ಸಭಾಂಗಣ ಕಿಕ್ಕಿರಿದಿತ್ತು. ಪರದೆಯ ಮೇಲೆ ದೊಡ್ಡ ಯಜಮಾನರು ಬೆರಳೆತ್ತಿ ಬಾಯಿ ತೆರೆದರು: "ಘೊರ್ರ್..." ಮ್ಯಾನೇಜರ ಮುಖ ಹಿಂಡಿದ ಬಟ್ಟೆಯಾಯಿತು. ಮರುಕ್ಷಣ ಇಪ್ಪತ್ತರ ಹುಡುಗಿ ಎಪ್ಪತ್ತರ ಗಂಟಲಲ್ಲಿ ಗುಡುಗಿದಳು: "ಉಸಿರು ಕಟ್ತಿದೆ, ಕಿಟಕಿ ಇಡಿ!" ಮೀಸೆ ಕೂಗಿತು, ಜಡೆ ಕೂಗಿತು. ಕೂತಿದ್ದವರೆಲ್ಲ ಎದ್ದರು. ಸತ್ತವರೂ ಇದ್ದವರೂ ಒಂದೇ ಗಂಟಲಾಗಿ ಛಾವಣಿಯ ಧೂಳು ಉದುರಿಸಿದರು.

ದೊಡ್ಡ ಯಜಮಾನರ ಮಗ, ಈಗಿನ ಯಜಮಾನ, ಬೆವರೊರೆಸಿಕೊಳ್ಳುತ್ತ ವೇದಿಕೆ ಹತ್ತಿದ. "ಆಯ್ತಪ್ಪಾ, ಆಯ್ತು! ಶೆಡ್ಡಿಗೂ ಕಿಟಕಿ, ಎಲ್ಲ ಕೋಣೆಗೂ ಕಿಟಕಿ! ಈಗಲೇ ಶುರು!"

ಜನ ಸಂಕಲನಕಾರನನ್ನು ಹೆಗಲ ಮೇಲೆ ಹೊತ್ತು ಕುಣಿದರು. ಇಳಿಸಿದ್ದು ಅವನ ಕೋಣೆಯ ಮುಂದೆ. ಅಲ್ಲಿ ಮೇಸ್ತ್ರಿ ಆಗಲೇ ಗೋಡೆಗೆ ಸುತ್ತಿಗೆ ಎತ್ತಿದ್ದ.

"ಅಯ್ಯೋ, ಇಲ್ಲಿ ಬೇಡಪ್ಪಾ! ಬಿಸಿಲು ಬಿದ್ರೆ ಪರದೆ ಕಾಣಲ್ಲ, ರೀಲೆಲ್ಲ ಹಾಳು. ನನ್ನ ಕೆಲಸಕ್ಕೆ ಕತ್ತಲೆನೇ ಬೇಕು!"

"ಕಿಟಕಿ ಕೇಳಿದ ಮಹಾನುಭಾವ್ರಿಗೇ ಮೊದಲನೇದು ಅಂತ ಯಜಮಾನ್ರ ಆರ್ಡರು," ಎಂದ ಮೇಸ್ತ್ರಿ. "ಎರಡು ಇಡೋಣ್ವಾ?"

"ಅಮ್ಮಾ, ನೀನಾದ್ರೂ ಹೇಳು!"

"ಸುಮ್ನಿರೋ! ಐವತ್ತು ವರ್ಷಕ್ಕೆ ಕೇಳಿಸ್ಕೊಂಡಿದ್ದಾರೆ. ಒಂದು ಕಡೆ ಬೇಡ ಅಂದ್ರೆ ಎಲ್ಲಾ ಕಡೆ ನಿಲ್ಲಿಸ್ತಾರೆ," ಎಂದ ಅಮ್ಮ ಮೇಸ್ತ್ರಿಯ ಕಡೆ ತಿರುಗಿದಳು. "ಎರಡಲ್ಲ, ಮೂರಿಡಪ್ಪಾ!"