ಚೀಲ ಖಾಲಿ ಮಾಡಿ ಕೊಡಿ

ಊರಿಗೆ ಒಳ್ಳೆಯದು ಮಾಡಲು ಹೊರಡುವವನು, ಆ ಊರಿನವರು ಪಾತ್ರೆ ವಾಪಸ್ ಕೊಡುವ ರೀತಿಯನ್ನು ಮೊದಲು ನೋಡಿಕೊಳ್ಳಬೇಕು. ಪರಿಸರ ಉಳಿಸುವ ಉಮೇದಿನಲ್ಲಿ ನಾನು ಅದನ್ನು ಮರೆತೆ. ಸಾಗರದ ಒಂದು ಸೂಪರ್ ಮಾರ್ಕೆಟ್ಟಿಗೆ ನಾನು ಮ್ಯಾನೇಜರು. ಹಾಗೆಂದು ದೊಡ್ಡ ಕುರ್ಚಿಯ ಮನುಷ್ಯ ಅಂದುಕೊಳ್ಳಬೇಡಿ; ಫ್ರೀಜರ್ ಕೆಟ್ಟರೂ, ಬಾಗಿಲಿಗೆ ದನ ಬಂದರೂ ಓಡಬೇಕಾದವನು ನಾನೇ. ಹೊಸನಗರ, ತೀರ್ಥಹಳ್ಳಿಯಲ್ಲೂ ನಮ್ಮ ಕಂಪನಿಯ ಅಂಗಡಿಗಳಿವೆ. ಪ್ಲಾಸ್ಟಿಕ್ ಕಡಿಮೆ ಮಾಡುವುದು ಹೇಗೆಂದು ಹೆಡ್ಡಾಫೀಸಿನವರು ಮೀಟಿಂಗಿನಲ್ಲಿ ಕೇಳಿದಾಗ ಆ ಎರಡೂ ಊರಿನ ಮ್ಯಾನೇಜರುಗಳು ಬುದ್ಧಿವಂತರಂತೆ ಟೀ ಕುಡಿಯುತ್ತಿದ್ದರು. ಕೈ ಎತ್ತಿದವನು ನಾನು.

ನನ್ನ ಯೋಜನೆ ಸರಳವಾಗಿತ್ತು. ಅಂಗಡಿಯ ಬಟ್ಟೆ ಚೀಲದಲ್ಲಿ ಸಾಮಾನು ಒಯ್ಯಿರಿ, ಮುಂದಿನ ಸಲ ಬರುವಾಗ ಚೀಲ ತಂದುಕೊಡಿ, ಅಷ್ಟೆ. ಮೊದಲು ತಂದುಕೊಟ್ಟವರು ಹೊನ್ನೆಮರಡು ಕಡೆಯಿಂದ ಬರುವ ಲಲಿತಮ್ಮ. ಚೀಲದೊಳಗೆ ಎಳೆ ಸೌತೆಕಾಯಿಗಳಿದ್ದವು.

"ಇದೆಂತಕ್ಕಮ್ಮಾ?" ಅಂದೆ.

"ಖಾಲಿ ಚೀಲ ಹೆಂಗೆ ಕೊಡದು ಮಾರಾಯ್ರೆ? ಮನೇಲಿ ಬೆಳೆದಿದ್ದು, ಇಟ್ಕಳಿ."

ನಮ್ಮಲ್ಲಿ ಪಕ್ಕದ ಮನೆಯಿಂದ ಬಂದ ಪಾತ್ರೆಯನ್ನು ಬರಿದಾಗಿ ಕಳಿಸುವುದಿಲ್ಲ. ಏನೂ ಇಲ್ಲದಿದ್ದರೆ ಒಂದು ಹಿಡಿ ಸಕ್ಕರೆಯನ್ನಾದರೂ ಹಾಕುತ್ತಾರೆ. ಖುಷಿಯಿಂದ ತೆಗೆದುಕೊಂಡೆ. ರಾತ್ರಿ ಊಟಕ್ಕೆ ಕೋಸಂಬರಿಯಾಯಿತು.

ಆಮೇಲೆ ಕ್ಯಾಶ್ ಕೌಂಟರಿನ ಮೇಲೆ ಬಸಳೆ, ನಿಂಬೆಹಣ್ಣು, ಹಲಸಿನ ಹಪ್ಪಳ ಬಂದು ಕೂರತೊಡಗಿದವು. ಕಂಪ್ಯೂಟರಿನಲ್ಲಿ ಇಲ್ಲದ ಮಾಲು ಅಂಗಡಿಯಲ್ಲಿ ಇರುವಂತಿಲ್ಲ. ತಪಾಸಣೆಗೆ ಬಂದ ಸಾಹೇಬರು ಬಸಳೆಯ ಬಿಲ್ ಕೇಳಿದರು. ವಿಷಯ ವಿವರಿಸಿದೆ. ಯಾರದೋ ಹಿತ್ತಿಲಿಗೆ ನುಗ್ಗಿದವನನ್ನು ನೋಡುವಂತೆ ನನ್ನನ್ನು ನೋಡಿದರು. ಅವರು ಇರುವಾಗಲೇ ಬಾಗಿಲಿಗೆ ಬೋರ್ಡು ಹಾಕಿಸಿದೆ: 'ಚೀಲಗಳನ್ನು ಖಾಲಿ ಮಾಡಿಯೇ ಹಿಂತಿರುಗಿಸಿ.' ನನ್ನ ಗ್ರಹಚಾರಕ್ಕೆ ಅದೇ ಹೊತ್ತಿಗೆ ಲಲಿತಮ್ಮ ಹೀರೇಕಾಯಿ ತಂದರು. ನಾನು ಹೀರೇಕಾಯಿಗಳನ್ನು ಅವರ ಕೈಗೇ ಕೊಟ್ಟು ಬೋರ್ಡು ತೋರಿಸಿದೆ. ಅವರು ಅವನ್ನು ಸೆರಗಿನಲ್ಲಿ ಕಟ್ಟಿಕೊಂಡು ಹೋದರು. ಅದನ್ನು ನೆನೆದರೆ ಈಗಲೂ ಸಂಕಟವಾಗುತ್ತದೆ.

ಅಲ್ಲಿಂದ ಮುಂದೆ ಚೀಲಗಳು ವಾಪಸ್ ಬರುವುದೇ ನಿಂತಿತು. 'ಆ ಊರಿನ ಜನಕ್ಕೆ ಪ್ರಾಮಾಣಿಕತೆ ಇಲ್ಲ' ಎಂದು ಹೆಡ್ಡಾಫೀಸಿನಿಂದ ಮೇಲ್ ಬಂತು, ಹಿಂದೆಯೇ ಪ್ಲಾಸ್ಟಿಕ್ ಕವರಿನ ಬಂಡಲ್ಲುಗಳೂ ಬಂದವು. ಸುಳ್ಳೆಂದು ಗೊತ್ತಿದ್ದೂ 'ಓಕೆ ಸರ್' ಎಂದು ಉತ್ತರ ಬರೆದೆ. ಆದರೆ ಮನಸ್ಸು ತಡೆಯಲಿಲ್ಲ. ಒಂದು ಭಾನುವಾರ ಲಲಿತಮ್ಮನ ಮನೆಗೆ ಹೋದೆ.

ಜಗಲಿಯ ಬೆಂಚಿನ ಮೇಲೆ ಒಗೆದು ಮಡಿಸಿಟ್ಟ ನಮ್ಮ ಚೀಲಗಳು ಕಾಯುತ್ತಿದ್ದವು. ನೆರೆಮನೆಯವರು ಒಯ್ದಿದ್ದ ಚೀಲಗಳೂ ಸೇರಿದ್ದವು.

"ಖಾಲಿ ಕೊಡಾಕೆ ಮನಸ್ಸು ಬರಲ್ಲ, ತುಂಬಿ ಕೊಟ್ರೆ ನೀವು ತಗಳಲ್ಲ. ಎಂತ ಮಾಡದು ಹೇಳಿ?" ಅಂದರು ಲಲಿತಮ್ಮ.

"ತಪ್ಪಾಯ್ತಮ್ಮಾ" ಅಂದೆ. ಕಾಫಿ ಕೊಟ್ಟರು. ಹೊರಡುವಾಗ, ಹಳೇ ಸೀರೆಯಲ್ಲಿ ಹೊಲಿದ ತಮ್ಮದೇ ಚೀಲದ ತುಂಬ ತೊಂಡೆಕಾಯಿ ಹಾಕಿ ಕೈಗಿಟ್ಟರು.

"ಚೀಲ ಮಾತ್ರ ವಾಪಸ್ ಬೇಕು" ಎಂದು ನಕ್ಕರು. "ಖಾಲಿನೇ ತನ್ನಿ. ನಿಮ್ಮ ಬೋರ್ಡಲ್ಲಿ ಹಂಗೇ ಇದ್ಯಲ್ಲ!"

ತೊಂಡೆಕಾಯಿ ಅವತ್ತೇ ಪಲ್ಯವಾಯಿತು. ಚೀಲ ಇನ್ನೂ ನಮ್ಮ ಅಡುಗೆಮನೆಯ ಮೊಳೆಯಲ್ಲಿದೆ. ಖಾಲಿ ಕೊಡಲು ನನಗೂ ಮನಸ್ಸಿಲ್ಲ. ಅದರೊಳಗೆ ಹಾಕಲು ಏನಾದರೂ ತರೋಣವೆಂದು ನನ್ನದೇ ಅಂಗಡಿಯನ್ನು ಆ ತುದಿಯಿಂದ ಈ ತುದಿಗೆ ಓಡಾಡಿದೆ. ಪ್ಲಾಸ್ಟಿಕ್ ಸುತ್ತದ ಒಂದೇ ಒಂದು ವಸ್ತುವೂ ಸಿಗಲಿಲ್ಲ.